ಅಂಗಡಿ ನಮ್ಮದು, ಬೋರ್ಡು ಯಾರದೋ

ಜಿಲ್ಲಾ ಕೇಂದ್ರದ ಸಣ್ಣ ಪತ್ರಿಕೆಯೊಂದು ರಾತ್ರಿ ಹತ್ತಕ್ಕೆ ತನ್ನ ಜಾಲತಾಣದಲ್ಲಿ ಒಂದು ಸುದ್ದಿ ಹಾಕುತ್ತದೆ ಎಂದಿಟ್ಟುಕೊಳ್ಳಿ. ತಲೆಬರಹದಲ್ಲಿ ಒಂದು ಕಾಗುಣಿತ ತಪ್ಪು. ಹತ್ತೂಕಾಲಿಗೆ ಉಪಸಂಪಾದಕಿ ಅದನ್ನು ತಿದ್ದುತ್ತಾರೆ. ಅದೇ ಕ್ಷಣದಲ್ಲಿ, ಅವರು ಹೆಸರೂ ಕೇಳದ ಇನ್ನೊಂದು ವಿಳಾಸದಲ್ಲಿಯೂ ಆ ತಪ್ಪು ಸರಿಹೋಗುತ್ತದೆ. ಅಲ್ಲೂ ಅದೇ ಲಾಂಛನ, ಅವೇ ಚಿತ್ರಗಳು, ಅದೇ ಅಂಕಣ. ಬೇರೆಯಾಗಿರುವುದು ಎರಡೇ: ಮೇಲಿನ ವಿಳಾಸ ಮತ್ತು ಪಕ್ಕದ ಜಾಹೀರಾತು.

ಇದು ಯಾರೋ ಕೂತು ಪುಟಪುಟ ನಕಲಿಸಿದ್ದಲ್ಲ. ಆ ವಿಳಾಸದ ಹಿಂದೆ ಪುಟಗಳೇ ಇಲ್ಲ. ಓದುಗ ಕೇಳಿದಾಗಲೆಲ್ಲ ಅಲ್ಲಿನ ಯಂತ್ರ ಅಸಲಿ ಸರ್ವರ್‌ಗೆ ಹೋಗಿ ಪುಟ ತರುತ್ತದೆ, ಅದರೊಳಗಿನ ಹೆಸರು ಬದಲಿಸಿ ಬಡಿಸುತ್ತದೆ. ರಿವರ್ಸ್ ಪ್ರಾಕ್ಸಿ ಎಂಬ ಈ ಉಪಕರಣ ಹುಟ್ಟಿದ್ದು ಒಳ್ಳೆಯ ಕೆಲಸಕ್ಕೆ. ದೊಡ್ಡ ತಾಣಗಳು ತಮ್ಮ ಭಾರ ಹಂಚಿಕೊಳ್ಳುವುದು ಇದರಿಂದಲೇ. ಕಳ್ಳನ ಕೈಗೆ ಸಿಕ್ಕಾಗ ಇದು ಕನ್ನಡಿಯಾಗುತ್ತದೆ. ಬರೆದವರ ದುಡಿಮೆಗೆ ಬರಬೇಕಾದ ಜಾಹೀರಾತಿನ ಹಣ ಆ ಕಡೆ ಹರಿಯುತ್ತದೆ. ಸರ್ಚ್ ಎಂಜಿನ್ನಿಗೆ ಒಂದೇ ಬರಹ ಎರಡು ಕಡೆ ಕಾಣುವುದರಿಂದ, ಕೆಲವೊಮ್ಮೆ ನಕಲೇ ಮೇಲೆ ಬಂದು ಕೂರುತ್ತದೆ. ಲಾಗಿನ್ ಇರುವ ತಾಣವಾದರೆ ಪಾಸ್‌ವರ್ಡ್ ಕೂಡ ನಡುವಿನವನ ಕೈ ದಾಟಿಯೇ ಹೋಗಬೇಕು.

ಇಂಥದ್ದು ನಡೆದಾಗೆಲ್ಲ ಬರುವ ಮೊದಲ ಮಾತು ‘ಸಾರ್ವಜನಿಕರು ಎಚ್ಚರ ವಹಿಸಬೇಕು’ ಎಂಬುದು. 2023ರ ಆಗಸ್ಟ್ ಕೊನೆಯಲ್ಲಿ ಸುಪ್ರೀಂ ಕೋರ್ಟಿನ ರಿಜಿಸ್ಟ್ರಿಯೇ ಅಂಥದೊಂದು ಪ್ರಕಟಣೆ ಹೊರಡಿಸಬೇಕಾಯಿತು. ಕೋರ್ಟಿನ ತಾಣವನ್ನೇ ಹೋಲುವ ನಕಲಿ ತಾಣ ಜನರ ಖಾಸಗಿ ವಿವರ ಕೇಳುತ್ತಿತ್ತು. ಅದೇ ವರ್ಷ ತಿರುಮಲದಲ್ಲಿ ಇನ್ನೊಂದು. ದೇವಸ್ಥಾನದ ಆಗಿನ ಬುಕಿಂಗ್ ವಿಳಾಸ ‘ತಿರುಪತಿಬಾಲಾಜಿ ಡಾಟ್ ಎಪಿ ಡಾಟ್ ಗವ್ ಡಾಟ್ ಇನ್’. ನಕಲು ಮಾಡಿದವರು ನಡುವಿನ ಚುಕ್ಕೆಗಳ ಜಾಗಕ್ಕೆ ಅಡ್ಡಗೆರೆ ಹಾಕಿ, ಕೊನೆಗೆ ‘ಡಾಟ್ ಆರ್ಗ್’ ಅಂಟಿಸಿದ್ದರು. ಮೊಬೈಲಿನ ಸಣ್ಣ ಪರದೆಯಲ್ಲಿ, ದರ್ಶನದ ಟಿಕೆಟ್ ಮುಗಿದುಹೋದೀತು ಎಂಬ ಅವಸರದಲ್ಲಿ, ಚುಕ್ಕೆಯೋ ಗೆರೆಯೋ ಎಂದು ಯಾವ ಭಕ್ತ ನೋಡುತ್ತಾನೆ? ಅದನ್ನು ಅವನ ತಪ್ಪೆನ್ನುವುದು ಅನ್ಯಾಯ.

ಬೀಗದ ಚಿಹ್ನೆ ನೋಡಿ ನಂಬಿ ಎಂಬ ಹಳೆಯ ಬುದ್ಧಿಮಾತೂ ಈಗ ಕೆಲಸಕ್ಕೆ ಬಾರದು. ಆ ಬೀಗ ಹೇಳುತ್ತಿದ್ದದ್ದು ದಾರಿಯಲ್ಲಿ ಯಾರೂ ಕದ್ದು ಓದುತ್ತಿಲ್ಲ ಎಂದಷ್ಟೇ; ಬಾಗಿಲ ಹಿಂದೆ ಯಾರಿದ್ದಾರೆ ಎಂದಲ್ಲ. ಸುರಕ್ಷತಾ ಪ್ರಮಾಣಪತ್ರ ಪುಕ್ಕಟೆ ಸಿಗುವ ಕಾಲದಲ್ಲಿ ನಕಲಿ ತಾಣಕ್ಕೂ ಬೀಗ ಬರುತ್ತದೆ. ಇದನ್ನು ಒಪ್ಪಿಕೊಂಡೇ ಗೂಗಲ್ 2023ರ ಸೆಪ್ಟೆಂಬರಿನಲ್ಲಿ ಕ್ರೋಮ್‌ನಿಂದ ಆ ಚಿಹ್ನೆಯನ್ನು ಕಿತ್ತುಹಾಕಿತು.

ನಕಲು ಬರೀ ಹಣದ ಆಟವೂ ಅಲ್ಲ. 2022ರ ಸೆಪ್ಟೆಂಬರಿನಲ್ಲಿ ಇಯು ಡಿಸ್‌ಇನ್ಫೋ ಲ್ಯಾಬ್ ಎಂಬ ಸಂಸ್ಥೆ ‘ಡಾಪಲ್‌ಗ್ಯಾಂಗರ್’ ಹೆಸರಿಟ್ಟು ಬಯಲಿಗೆಳೆದ ರಷ್ಯಾ ಮೂಲದ ಪ್ರಚಾರಜಾಲ, ಬ್ರಿಟನ್ನಿನ ಗಾರ್ಡಿಯನ್, ಜರ್ಮನಿಯ ಬಿಲ್ಡ್ ಸೇರಿ ಕನಿಷ್ಠ 17 ಸುದ್ದಿಸಂಸ್ಥೆಗಳ ವೇಷ ಹಾಕಿತ್ತು. ವೇಷ ಪತ್ರಿಕೆಯದು, ಸುದ್ದಿ ಅವರದು. 2024ರ ಸೆಪ್ಟೆಂಬರಿನಲ್ಲಿ ಅಮೆರಿಕದ ನ್ಯಾಯಾಂಗ ಇಲಾಖೆ ಈ ಜಾಲದ 32 ಡೊಮೇನ್‌ಗಳನ್ನು ವಶಪಡಿಸಿಕೊಂಡಿತು. ಆ ಪಟ್ಟಿಯಲ್ಲಿ ಲ ಮೋಂದ್ ಪತ್ರಿಕೆಯ ಹೆಸರಿಗೆ ‘ಎಲ್‌ಟಿಡಿ’ ಬಾಲ ಕಟ್ಟಿದ್ದೂ ಇತ್ತು, ಫಾಕ್ಸ್ ನ್ಯೂಸ್ ಹೆಸರಿಗೆ ನಮ್ಮದೇ ದೇಶದ ‘ಡಾಟ್ ಇನ್’ ಅಂಟಿಸಿದ್ದೂ ಇತ್ತು. ಅಷ್ಟು ದೊಡ್ಡ ಸರ್ಕಾರ ಕೈಹಾಕಿದರೂ ಬಯಲಿಗೆ ಬಂದ ದಿನದಿಂದ ವಶಕ್ಕೆ ಪಡೆಯುವ ದಿನದವರೆಗೆ ಸುಮಾರು ಎರಡು ವರ್ಷ ಹಿಡಿಯಿತು ಎಂಬುದನ್ನು ಗಮನಿಸಬೇಕು.

ಭಾರತದಲ್ಲಿ ಈ ವಿಷಯದ ಕಾನೂನು ರೂಪುಗೊಂಡದ್ದರಲ್ಲಿ ಬೆಂಗಳೂರಿಗೆ ದೊಡ್ಡ ಪಾಲಿದೆ. ಸತ್ಯಂ ಇನ್ಫೋವೇ ಕಂಪನಿ ತನ್ನ ಹೆಸರಿನ ಅಕ್ಷರಗಳಿಂದಲೇ ‘ಸಿಫಿ’ ಎಂಬ ಪದ ಕಟ್ಟಿ, 1999ರಲ್ಲಿ ಆ ಹೆಸರಿನ ಡೊಮೇನ್‌ಗಳನ್ನು ನೋಂದಾಯಿಸಿತ್ತು. ಆಮೇಲೆ ಬಂದ ಇನ್ನೊಂದು ಕಂಪನಿ ‘ಎಫ್’ ಅಕ್ಷರವನ್ನು ಇಮ್ಮಡಿಸಿ ‘ಸಿಫ್ಫಿನೆಟ್’ ಎಂದಿಟ್ಟುಕೊಂಡಿತು. ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟ್ ತಡೆಯಾಜ್ಞೆ ಕೊಟ್ಟಿತು, ಹೈಕೋರ್ಟ್ ಅದನ್ನು ತೆಗೆದುಹಾಕಿತು, 2004ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಎತ್ತಿಹಿಡಿಯಿತು. ಡೊಮೇನ್ ಬರೀ ವಿಳಾಸವಲ್ಲ, ವ್ಯವಹಾರದ ಗುರುತೂ ಹೌದು. ಪ್ರತ್ಯೇಕ ಶಾಸನ ಇಲ್ಲದಿದ್ದರೂ ಒಬ್ಬರ ಹೆಸರನ್ನು ತನ್ನದೆಂದು ಮಾರಿಕೊಳ್ಳುವುದರ ವಿರುದ್ಧದ ಹಳೆಯ ತತ್ವ ಇಲ್ಲಿಗೂ ಅನ್ವಯಿಸುತ್ತದೆ ಎಂಬ ಆ ತೀರ್ಪು ಇವತ್ತಿಗೂ ಆಧಾರ. ‘ಡಾಟ್ ಇನ್’ ತಕರಾರುಗಳಿಗೆ 2005ರಿಂದ ಬೇರೆಯೇ ಪಂಚಾಯ್ತಿ ವ್ಯವಸ್ಥೆಯೂ ಇದೆ.

ಆದರೆ ಈ ಹಾದಿಗೆ ಹಣ ಬೇಕು, ವಾರಗಟ್ಟಲೆ ತಾಳ್ಮೆ ಬೇಕು. ವಿಶ್ವಸಂಸ್ಥೆಯ ಬೌದ್ಧಿಕ ಆಸ್ತಿ ಸಂಘಟನೆ, ಅಂದರೆ ವೈಪೋ, ಮುಂದೆ ಒಂದು ಡೊಮೇನ್ ದೂರಿಗೆ ಶುಲ್ಕವೇ 1,500 ಡಾಲರ್. ತಾಲ್ಲೂಕು ಪತ್ರಿಕೆ ಇದನ್ನು ಎಲ್ಲಿಂದ ತಂದೀತು? ಹಾಗಾಗಿ ಮೊದಲ ಕಾವಲು ಸ್ವಂತ ಸರ್ವರ್‌ನಲ್ಲೇ ಇರಬೇಕು. ಬೇಸರದ ಸಂಗತಿಯೆಂದರೆ, ಒಂದು ರೂಪಾಯಿ ಖರ್ಚಿಲ್ಲದ ಅಗುಳಿಯನ್ನೂ ಬಹಳ ಮಂದಿ ಹಾಕಿರುವುದಿಲ್ಲ.

ಬ್ರೌಸರ್ ಪುಟ ಕೇಳುವಾಗ ‘ಇಂಥ ಹೆಸರಿನ ತಾಣ ಬೇಕು’ ಎಂದು ಹೇಳಿಯೇ ಕೇಳುತ್ತದೆ. ಇದನ್ನು ಹೋಸ್ಟ್ ಹೆಡರ್ ಎನ್ನುತ್ತಾರೆ. ಎಷ್ಟೋ ಸರ್ವರ್‌ಗಳು ಯಾವ ಹೆಸರು ಹೇಳಿದರೂ ಸರಿ, ಪುಟ ಕೊಟ್ಟುಬಿಡುತ್ತವೆ. ಯಾರ ಹೆಸರಿಗೆ ಬಂದ ರಿಜಿಸ್ಟರ್ಡ್ ಅಂಚೆಯನ್ನೂ ಸಹಿ ಹಾಕಿ ತೆಗೆದುಕೊಳ್ಳುವ ಮನೆಯಂತೆ. ಅಂಥ ಸರ್ವರ್‌ನ ಐಪಿ ಸಂಖ್ಯೆಗೆ ತನ್ನ ಡೊಮೇನ್ ತಿರುಗಿಸಿದರೆ ಸಾಕು, ಪ್ರಾಕ್ಸಿಯ ಗೋಜೂ ಇಲ್ಲದೆ ಕನ್ನಡಿ ಸಿದ್ಧ. ನನ್ನ ಹೆಸರು ಹೇಳದವರಿಗೆ ಬಾಗಿಲಿಲ್ಲ ಎಂದು ಸರ್ವರ್‌ಗೆ ತಿಳಿಸಲು ಬೇಕಾಗುವುದು ನಾಲ್ಕಾರು ಸಾಲು.

ಪ್ರಾಕ್ಸಿ ಇಟ್ಟು ಕದಿಯುವವನನ್ನು ಹಿಡಿಯುವುದು ಇನ್ನೊಂದು ಬಗೆ. ಅವನು ಅಸಲಿ ಹೆಸರನ್ನೇ ಹೇಳಿ ಒಳಗೆ ಬರುತ್ತಾನಲ್ಲ, ಅವನ ಜಾಡು ಲಾಗ್‌ನಲ್ಲಿ ಉಳಿಯುತ್ತದೆ. ನಕಲಿ ವಿಳಾಸದ ಮುಂದೆ, ಎಲ್ಲೂ ಇಲ್ಲದ ಪುಟವೊಂದರ ಹೆಸರನ್ನು, ‘ಹುಣಸೆಹುಳಿ’ ಎಂದೋ ಏನೋ, ಟೈಪ್ ಮಾಡಬೇಕು. ಕೂಡಲೇ ಸ್ವಂತ ಸರ್ವರ್‌ನ ಲಾಗ್‌ನಲ್ಲಿ ಹುಣಸೆಹುಳಿ ಕೇಳಿ ಬಂದವರಾರು ಎಂದು ಹುಡುಕಬೇಕು. ಆ ಸಾಲಿನಲ್ಲಿರುವ ಐಪಿ ಸಂಖ್ಯೆ ಕಳ್ಳನ ಯಂತ್ರದ್ದು. ಅದಕ್ಕೆ ಬಾಗಿಲು ಮುಚ್ಚಿದರೆ ನಕಲಿ ತಾಣ ಅಲ್ಲೇ ಬರಿದಾಗುತ್ತದೆ. ಹಠವಾದಿಯಾದರೆ ಐಪಿ ಬದಲಿಸಿ ಮತ್ತೆ ಬಂದಾನು, ನಿಜ. ಅಷ್ಟರಲ್ಲಿ ಆ ಸಂಖ್ಯೆಯ ಜಾಡು ಹಿಡಿದು ಅವನಿಗೆ ಜಾಗ ಕೊಟ್ಟ ಹೋಸ್ಟಿಂಗ್ ಕಂಪನಿಗೂ ಗೂಗಲ್‌ಗೂ ದೂರು ಹೋಗಿರಬೇಕು. ಹೊಸ ಪ್ರಮಾಣಪತ್ರಗಳು ಸಾರ್ವಜನಿಕ ದಾಖಲೆಗೆ ಸೇರುವುದರಿಂದ, ತನ್ನನ್ನು ಹೋಲುವ ಹೆಸರು ಹುಟ್ಟಿದೆಯೇ ಎಂದು ಆಗಾಗ ನೋಡುತ್ತಿರಲೂಬಹುದು.

ಕನ್ನಡಕ್ಕೆ ಇನ್ನೊಂದು ಅಪಾಯವಿದೆ. ಕನ್ನಡ ಲಿಪಿಯಲ್ಲೇ ‘ಡಾಟ್ ಭಾರತ’ ವಿಳಾಸ ಪಡೆಯಲು ಈಗ ಸಾಧ್ಯ. ಆದರೆ ನಮ್ಮ ಲ, ಬ ಅಕ್ಷರಗಳಿಗೂ ತೆಲುಗಿನವಕ್ಕೂ ಕಣ್ಣಿಗೆ ವ್ಯತ್ಯಾಸವೇ ಇಲ್ಲ. ಯಂತ್ರಕ್ಕೆ ಮಾತ್ರ ಅವು ಬೇರೆ ಬೇರೆ. ವಿಳಾಸದ ಮೇಲ್ಮಟ್ಟದ ಹೆಸರುಗಳಿಗೆ ನಿಯಮ ರೂಪಿಸಿದ ತಜ್ಞರು ಇದನ್ನು ಗಮನಿಸಿ, ಇಂಥ ಜೋಡಿ ಅಕ್ಷರಗಳನ್ನು ಒಂದರ ರೂಪಾಂತರ ಇನ್ನೊಂದು ಎಂದು ಗುರುತಿಸಿದ್ದಾರೆ. ಕನ್ನಡ ವಿಳಾಸ ಬೇಕೆನ್ನುವವರೆಲ್ಲ ಈ ಕಾವಲು ಎಲ್ಲ ಹಂತದಲ್ಲೂ ಇರಲಿ ಎಂದು ಕೇಳಬೇಕು.

ರಿಸರ್ವ್ ಬ್ಯಾಂಕ್ 2025ರಲ್ಲಿ ಸರಿಯಾದ ಹೆಜ್ಜೆ ಇಟ್ಟಿತು. ಬ್ಯಾಂಕುಗಳೆಲ್ಲ ಅಕ್ಟೋಬರ್ 31ರೊಳಗೆ ‘ಬ್ಯಾಂಕ್ ಡಾಟ್ ಇನ್’ ಬಾಲದ ವಿಳಾಸಕ್ಕೆ ಬರಬೇಕು ಎಂದಿತು. ಬ್ಯಾಂಕಲ್ಲದವರಿಗೆ ಆ ಬಾಲ ಸಿಗದು. ಗ್ರಾಹಕ ನೆನಪಿಡಬೇಕಾದ್ದು ಒಂದೇ ಆಯಿತು. ಕರ್ನಾಟಕದ ಮುಜರಾಯಿ ದೇವಸ್ಥಾನಗಳ ಸೇವೆ, ಕೊಠಡಿ ಬುಕಿಂಗ್, ವಿಶ್ವವಿದ್ಯಾಲಯಗಳ ಫಲಿತಾಂಶ ಎಲ್ಲವೂ ಹೀಗೆಯೇ ಸರ್ಕಾರ ಮಾತ್ರ ಕೊಡಬಲ್ಲ ವಿಳಾಸದಡಿ ಬರಬೇಕು, ಆ ವಿಳಾಸ ದೇವಸ್ಥಾನದ ರಸೀದಿಯ ಮೇಲೂ ಬಸ್ ನಿಲ್ದಾಣದ ಗೋಡೆಯ ಮೇಲೂ ಕನ್ನಡದಲ್ಲಿ ಅಚ್ಚಾಗಬೇಕು. ತಾಣ ಕಟ್ಟುವ ಟೆಂಡರಿನಲ್ಲಿ ಬಣ್ಣ, ಬ್ಯಾನರು, ಮಂತ್ರಿಗಳ ಫೋಟೊ ಎಲ್ಲಿರಬೇಕೆಂದು ಬರೆಯುವ ಅಧಿಕಾರಿಗಳು ಅದರ ಕೆಳಗೇ ಇನ್ನೂ ಎರಡು ಷರತ್ತು ಸೇರಿಸಲಿ: ಬೇರೆ ಹೆಸರಿಗೆ ಉತ್ತರಿಸದ ಸರ್ವರ್ ಇರಬೇಕು, ವಾರಕ್ಕೊಮ್ಮೆ ಲಾಗ್ ಓದುವ ಒಬ್ಬ ಮನುಷ್ಯನಿರಬೇಕು.