ಚಮಚದ ಮೇಲಿನ ಹೆಸರು

ಪ್ರೀತಿಯ ಮಕ್ಕಳೇ,

ಕಳೆದ ಭಾನುವಾರ ಅರಸೀಕೆರೆಯಿಂದ ಮೊಮ್ಮಗಳ ಜೊತೆ ಹೊರಟು ಹಳೇಬೀಡು, ಬೇಲೂರು ನೋಡಿ ಬಂದೆ. ಬೇಲೂರಿನ ಚೆನ್ನಕೇಶವ ಗುಡಿಯಲ್ಲಿ ಮದನಿಕೆಯರ ಕಾಲಬುಡದಲ್ಲಿ ಸಣ್ಣ ಅಕ್ಷರಗಳಿವೆ. ಅವು ಶಿಲ್ಪಿಗಳ ಹೆಸರು. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಅವರಲ್ಲಿ ಇಬ್ಬರು.

"1117ರ ಗುಡಿ ಅಲ್ವಾ ಅಜ್ಜಿ? ಹೆಸರು ಇನ್ನೂ ಅಳಿಸಿಲ್ಲ!" ಎಂದಳು ಪುಟ್ಟಿ.

ಆಗ ನನಗೆ ಒಂದು ಬೆಳ್ಳಿ ಚಮಚದ ಕತೆ ನೆನಪಾಯಿತು. ಬಸ್ಸಿನಲ್ಲಿ ಅವಳಿಗೆ ಹೇಳಿದ್ದನ್ನೇ ನಿಮಗೂ ಹೇಳುತ್ತೇನೆ. ಇದು ನಡೆದದ್ದು.

ಎರಡನೇ ಮಹಾಯುದ್ಧದ ಕಾಲ. ಹಿಟ್ಲರನ ಸೈನ್ಯ ಪೋಲೆಂಡ್ ದೇಶವನ್ನು ಹಿಡಿದಿತ್ತು. 1940ರಲ್ಲಿ ವಾರ್ಸಾ ನಗರದ ಯಹೂದಿಗಳನ್ನೆಲ್ಲ ಎತ್ತರದ ಗೋಡೆಯೊಳಗೆ ಕೂಡಿಹಾಕಿದರು. 1942ರಲ್ಲಿ ಅವರನ್ನು ರೈಲಿಗೆ ತುಂಬಿ ಕೊಲ್ಲಲು ಒಯ್ಯತೊಡಗಿದರು.

ಆ ವರ್ಷ ಆರು ತಿಂಗಳ ಕೂಸೊಂದನ್ನು ಮರದ ಪೆಟ್ಟಿಗೆಯಲ್ಲಿಟ್ಟು, ಇಟ್ಟಿಗೆಗಳ ನಡುವೆ ಬಚ್ಚಿಟ್ಟು, ಗೋಡೆಯಾಚೆಗೆ ಸಾಗಿಸಿದರು. ಜೊತೆಗಿದ್ದದ್ದು ಒಂದು ಬೆಳ್ಳಿ ಚಮಚ. ಅದರ ಮೇಲೆ ಕೂಸಿನ ಮುದ್ದಿನ ಹೆಸರು, ಹುಟ್ಟಿದ ದಿನ ಜನವರಿ 5, 1942. ಸೂಲಗಿತ್ತಿಯೊಬ್ಬರು ಅವಳನ್ನು ಮಗಳಂತೆ ಸಾಕಿದರು. ತಾನು ಯಾರ ಮಗಳೆಂದು ಅವಳಿಗೆ ತಿಳಿದದ್ದು 17ನೇ ವಯಸ್ಸಿನಲ್ಲಿ! ಹೆತ್ತವರು ಯುದ್ಧದಲ್ಲೇ ತೀರಿಹೋಗಿದ್ದರು. ಎಲ್ಜ್‌ಬೆಟಾ ಫಿತ್ಸೋವ್‌ಸ್ಕಾ ಎಂಬ ಆಕೆ ಮುಂದೆ ತಮ್ಮ ಕತೆಯನ್ನು ಲೋಕಕ್ಕೆ ಹೇಳಿದರು.

ಇಂಥ ಮಕ್ಕಳನ್ನು ಹೊರತಂದ ಗುಂಪಿನ ಮುಂದಾಳು ಇರೇನಾ ಸೆಂಡ್ಲರ್. ಈ ಗುಂಪು ಸುಮಾರು 2,500 ಮಕ್ಕಳನ್ನು ಉಳಿಸಿತೆನ್ನುತ್ತಾರೆ. ಮಕ್ಕಳಿಗೆ ಬೇರೆ ಹೆಸರು ಕೊಟ್ಟು ಕ್ರೈಸ್ತರ ಮನೆಗಳಲ್ಲಿ, ಕನ್ಯಾಮಠಗಳಲ್ಲಿ ಇರಿಸುತ್ತಿದ್ದರು. ಹಳೆಯ ಹೆಸರು ಹಿಡಿದು ಯಾರು ಕರೆದರೂ ತಿರುಗಿ ನೋಡುವಂತಿರಲಿಲ್ಲ. ಇರೇನಾ ಮಾತ್ರ ತೆಳು ಕಾಗದದಲ್ಲಿ ಎರಡೂ ಹೆಸರು ಬರೆದಿಟ್ಟಿದ್ದರು. ಆ ಕಾಗದಗಳನ್ನು ಗಾಜಿನ ಶೀಶೆಗೆ ಹಾಕಿ, ಸೇಬಿನ ಮರದ ಬುಡದಲ್ಲಿ ಹೂತರು.

"ಶೀಶೆ ಸೈನಿಕರಿಗೆ ಸಿಕ್ಕಿದ್ದರೆ?" ಪುಟ್ಟಿ ಕೇಳಿದಳು.

"ಎಲ್ಲರ ಜೀವವೂ ಹೋಗುತ್ತಿತ್ತು, ಪುಟ್ಟಿ. ಆದರೆ ಬರೆದಿಡದಿದ್ದರೆ ಆ ಮಕ್ಕಳು ಯಾರ ಮಕ್ಕಳೆಂದು ಹೇಳುವವರೇ ಇರುತ್ತಿರಲಿಲ್ಲ."

1943ರಲ್ಲಿ ಇರೇನಾ ಸೆರೆಸಿಕ್ಕರು. ಎಷ್ಟು ಹಿಂಸಿಸಿದರೂ ಒಂದು ಹೆಸರನ್ನೂ ಬಾಯಿಬಿಡಲಿಲ್ಲ. ಲಂಚ ಕೊಟ್ಟು ಗೆಳೆಯರು ಅವರನ್ನು ಬಿಡಿಸಿದರು. ಯುದ್ಧ ಮುಗಿದಾಗ ಹೆಚ್ಚಿನ ಮಕ್ಕಳ ಹೆತ್ತವರು ಉಳಿದಿರಲಿಲ್ಲ. ಹೆಸರುಗಳು ಉಳಿದಿದ್ದವು.

ಮನೆಗೆ ಬಂದವಳೇ ಪುಟ್ಟಿ ನೋಟ್‌ಬುಕ್ ತೆಗೆದಳು. "ಅಜ್ಜಿ, ನಿಮ್ಮಮ್ಮನ ಹೆಸರೇನು?" ಹೇಳಿದೆ. "ಅವರ ಅಮ್ಮನ ಹೆಸರು?" ಹೇಳಿದೆ. "ಅವರ ಅಮ್ಮನದು?"

ನನಗೆ ಗೊತ್ತಿರಲಿಲ್ಲ. ಕೇಳಬೇಕಾಗಿದ್ದ ಕಾಲದಲ್ಲಿ ನಾನು ಕೇಳಿರಲಿಲ್ಲ.

ನೀವು ಈ ವಾರವೇ ಕೇಳಿ, ಬರೆದಿಡಿ.

ನಿಮ್ಮ ಪ್ರೀತಿಯ
ಅಜ್ಜಿ