ಪೊಲೀಸರ ವಿರುದ್ಧ ಸಿವಿಲ್ ದಾವೆ: ಪೂರ್ವಾನುಮತಿ ಮತ್ತು ಸುಧಾರಣೆ

ಪೊಲೀಸ್ ಅಧಿಕಾರಿಯು ಕರ್ತವ್ಯದಲ್ಲಿ ಎಸಗಿದ ಕೃತ್ಯದಿಂದ ಹಾನಿಗೊಳಗಾದ ಬೇಲೂರು ತಾಲ್ಲೂಕಿನ ಗೆಂಡೆಹಳ್ಳಿಯ ನಿವಾಸಿಯು ಪರಿಹಾರ ಕೋರಿ ದಾವೆ ಹೂಡಬಯಸಿದಲ್ಲಿ, ಕರ್ನಾಟಕ ಪೊಲೀಸ್ ಅಧಿನಿಯಮ, 1963ರ ಕಲಂ 170ರನ್ವಯ ಸರ್ಕಾರದ ಪೂರ್ವಾನುಮತಿ ಪಡೆಯತಕ್ಕದ್ದು. ಅಧಿಕಾರಿಗೆ ಮುಂಚಿತವಾಗಿ ನೋಟಿಸನ್ನೂ ನೀಡತಕ್ಕದ್ದು. ಅಧಿಕಾರ ಮೀರಿದ ಕೃತ್ಯವಾದರೂ ಕರ್ತವ್ಯದೊಡನೆ ಸಮಂಜಸ ಸಂಬಂಧ ಹೊಂದಿದ್ದರೆ ಈ ರಕ್ಷಣೆ ಅನ್ವಯಿಸುವುದೆಂದು ಸರ್ವೋಚ್ಚ ನ್ಯಾಯಾಲಯವು 2020ರಲ್ಲಿ, ಕರ್ನಾಟಕದ್ದೇ ಆದ ಡಿ. ದೇವರಾಜ ಪ್ರಕರಣದಲ್ಲಿ ತೀರ್ಪಿತ್ತಿದೆ.

ಸುಧಾರಣೆಗಳು ನಡೆದಿವೆ. ಪ್ರಕಾಶ್ ಸಿಂಗ್ ಪ್ರಕರಣದ 2006ರ ತೀರ್ಪಿನ ತರುವಾಯ, 2012ರ ತಿದ್ದುಪಡಿಯಿಂದ ರಾಜ್ಯ ಹಾಗೂ ಜಿಲ್ಲಾ ಪೊಲೀಸ್ ದೂರು ಪ್ರಾಧಿಕಾರಗಳಿಗೆ ಅವಕಾಶ ಕಲ್ಪಿಸಲಾಯಿತು. ಆದರೆ ಅಲ್ಲಿನ ದೂರು ಪರಿಹಾರದ ದಾವೆಗೆ ಬದಲಿಯಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಪ್ರಕಾರ, 120 ದಿನಗಳಲ್ಲಿ ಸರ್ಕಾರ ತೀರ್ಮಾನಿಸದಿದ್ದರೆ ಅನುಮತಿ ದೊರೆತಂತೆಯೇ ಸರಿ. ಇದು ಕ್ರಿಮಿನಲ್ ಮೊಕದ್ದಮೆಗೆ ಮಾತ್ರ. ಸಿವಿಲ್ ದಾವೆಯ ಅನುಮತಿಗೆ ಕಲಂ 170 ಯಾವ ಗಡುವನ್ನೂ ವಿಧಿಸಿಲ್ಲ. ಸುಧಾರಣೆಯ ದೊಡ್ಡ ಕೊರತೆ ಇದೇ ಎನ್ನಬೇಕಾಗುತ್ತದೆ.

ಮೂಲಭೂತ ಹಕ್ಕಿನ ಉಲ್ಲಂಘನೆಯಾಗಿದ್ದಲ್ಲಿ ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿ ಸಲ್ಲಿಸಬಹುದು. ಪೊಲೀಸ್ ವಶದಲ್ಲಿ ಮಗನನ್ನು ಕಳೆದುಕೊಂಡ ಒಡಿಶಾದ ನೀಲಬತಿ ಬೆಹೆರಾ ಅವರಿಗೆ ಸರ್ವೋಚ್ಚ ನ್ಯಾಯಾಲಯವು 1993ರಲ್ಲಿ ರಿಟ್ ಮೂಲಕವೇ ರೂ. 1.5 ಲಕ್ಷ ಪರಿಹಾರ ಕೊಡಿಸಿತು.

ಪೂರ್ವಾನುಮತಿ ಕೋರುವ ಅರ್ಜಿಯಲ್ಲಿ ಕೃತ್ಯ ನಡೆದ ದಿನಾಂಕ, ಠಾಣೆ ಹಾಗೂ ಹಾನಿಯ ವಿವರ ನಮೂದಿಸಿ, ದಿನಾಂಕಸಹಿತ ಸ್ವೀಕೃತಿ ಪಡೆದಿಟ್ಟುಕೊಳ್ಳುವುದು.