ಕೆಂಪು ದೀಪ ನೋಡಿದಿರಾ?

ನೆಟ್ ಹೋಯಿತೆಂದರೆ ನಮ್ಮ ಮನೆಯಲ್ಲಿ ಮೊದಲು ಬೈಸಿಕೊಳ್ಳುವುದು ಕಂಪ್ಯೂಟರ್. ಪಾಪ! ಮೊದಲು ರೂಟರ್ ನೋಡಿ ಅನ್ನುತ್ತೇನೆ ನಾನು. ಫೈಬರ್ ಸಂಪರ್ಕವಿದ್ದು, ಎಲ್‌ಒಎಸ್ ಎಂಬಲ್ಲಿ ಕೆಂಪು ದೀಪ ಮಿನುಗುತ್ತಿದ್ದರೆ ತಂತಿಯಲ್ಲಿ ಬೆಳಕೇ ಬರುತ್ತಿಲ್ಲ. ಕಂಪ್ಯೂಟರನ್ನು ಹತ್ತು ಸಲ ರೀಸ್ಟಾರ್ಟ್ ಮಾಡಿದರೂ ವ್ಯರ್ಥ. ಮೊಬೈಲ್‌ನಲ್ಲಿ ಅದೇ ವೈಫೈ ಓಡುತ್ತಿದ್ದರೆ ಮಾತ್ರ ಕಂಪ್ಯೂಟರಿನತ್ತ ತಿರುಗಿ. ಐಪಿ ವಿಳಾಸ 169.254ರಿಂದ ಶುರುವಾಗಿದ್ದರೆ ರೂಟರ್ ಅದಕ್ಕೆ ವಿಳಾಸವನ್ನೇ ಕೊಟ್ಟಿಲ್ಲ. 8.8.8.8ಕ್ಕೆ ಪಿಂಗ್ ಹೋಗಿಯೂ ಜಾಲತಾಣ ತೆರೆಯದಿದ್ದರೆ ಡಿಎನ್‌ಎಸ್ ಮೇಲೆ ಅನುಮಾನಪಡಿ.

ಇಷ್ಟನ್ನು ಹೈಸ್ಕೂಲಿನಲ್ಲೇ ಕಲಿಸಬೇಕು. ನಮ್ಮಿಂದ ಮೌಸ್, ಕೀಬೋರ್ಡ್‌ಗಳ ಚಿತ್ರ ಬರೆಸಿದರು! ಸಿಇಟಿ ಆಯ್ಕೆ ನಮೂದಿಸುವ ಕೊನೆಯ ಸಂಜೆ ನೆಟ್ ಹೋದರೆ ಆ ಚಿತ್ರ ಇಟ್ಟುಕೊಂಡು ಏನು ಮಾಡೋಣ? ಕೇಬಲ್ ಅಣ್ಣನಿಗೆ ‘ನೆಟ್ ಇಲ್ಲ’ ಅನ್ನುವ ಬದಲು ‘ಎಲ್‌ಒಎಸ್ ಕೆಂಪಾಗಿದೆ’ ಅಂದು ನೋಡಿ, ತಂತಿ ಜೋಡಿಸುವ ಸಾಮಾನು ಹಿಡಿದೇ ಬರುತ್ತಾನೆ.